ಹಿತ್ತಲ ಪೂಲು, ಬ್ಲೀಚಿಂಗ್ ಪೌಡರು ಮತ್ತೆ ಅಪ್ಪನ ಬಕೆಟ್ಟು

ಈ ಕಡೆ ತಲೆ ಹಾಕಿ ಬಹಳ ದಿನ ಆಯ್ತು. ಬರೆಯಬೇಕು ಅಂದುಕೊಳ್ಳೋದು, ಕೂರೋದು, ಅಷ್ಟರಲ್ಲಿ ಏನೋ ನೆನಪಾಗಿ ಎದ್ದು ಹೋಗಿ ಪೂಲಿನ ನೀರು ಟೆಸ್ಟ್ ಮಾಡೋದು... ಹೀಗೇ ಭಾನುವಾರಗಳು ಕಳೆದುಹೋಗುತ್ತಿವೆ. ಹಾಗಿದ್ದ ಮೇಲೆ ಆ ನೀರಿನ ಬಗ್ಗೆಯೇ ಬರೆದುಬಿಡೋಣ ಅಂತ ಇವತ್ತು ಕೂತಿದ್ದೇನೆ. ಸ್ವಲ್ಪ ಉದ್ದ ಆಗಬಹುದು, ಕಾಫಿ ಮಾಡಿಕೊಂಡು ಬನ್ನಿ.

ಅರಿಜೋನಾದ ಈ ಮರುಭೂಮಿಯಲ್ಲಿ ಹಿತ್ತಲಲ್ಲಿ ಈಜುಕೊಳ ಇರೋದು ದೊಡ್ಡಸ್ತಿಕೆ ಏನಲ್ಲ. ನಾವು ಮನೆ ಕೊಂಡಾಗ ಅದು ಮನೆಯ ಜೊತೆಗೇ ಬಂದಿತ್ತು, ಹಳೇ ಮನೆಯ ಜೊತೆ ಬಾವಿ ಬರುವ ಹಾಗೆ. ಹದಿನೈದು ಸಾವಿರ ಗ್ಯಾಲನ್, ಅಂದರೆ ಸುಮಾರು 57 ಸಾವಿರ ಲೀಟರು. ಕೊಂಡ ಹೊಸದರಲ್ಲಿ ನನಗೆ ಗೊತ್ತಿದ್ದದ್ದು ಇಷ್ಟೇ: ನೀರಿಗೆ ಕ್ಲೋರಿನ್ ಹಾಕಬೇಕು. ಪೂಲ್ ಅಂಗಡಿಯವನು ದೊಡ್ಡ ಬಕೆಟ್ ತುಂಬ ಬಿಳಿ ಮಾತ್ರೆ ಕೊಟ್ಟ, ಕರ್ಪೂರದ ಬಿಲ್ಲೆಗಳ ಹಾಗಿದ್ದವು, ಒಂದೊಂದೂ ಅಂಗೈಯಗಲ. ವಾರಕ್ಕೆ ಇಷ್ಟು ಹಾಕು ಅಂದ. ಹಾಕಿದೆ. ನೀರು ಸ್ವಲ್ಪ ಮಂಕಾದರೆ ಇನ್ನಷ್ಟು ಹಾಕು ಅಂದ. ಅದನ್ನೂ ಹಾಕಿದೆ. 2009ರ ಮೇ ತಿಂಗಳಲ್ಲಿ, ಅಪ್ಪ ಅಮ್ಮ ಊರಿಂದ ಬಂದಿಳಿದ ವಾರವೇ, ಪೂಲು ಪಾಚಿ ಹಸಿರಾಗಿ ಕೂತಿತ್ತು. ನಮ್ಮೂರ ಕೆರೆಯ ಮೂಲೆಯಲ್ಲಿ ಎಮ್ಮೆ ಮಲಗುವ ಜಾಗದಲ್ಲಿ ಇರುತ್ತಲ್ಲ, ಅದೇ ಬಣ್ಣ.

ಅಪ್ಪ ದಡದಲ್ಲಿ ಕೈಕಟ್ಟಿ ನಿಂತು ನೋಡಿದರು. "ಕ್ಲೋರಿನ್ ಹಾಕ್ತಾ ಇದ್ದೀಯಾ?"

"ಹಾಕ್ತಾನೇ ಇದ್ದೀನಪ್ಪ, ಬಕೆಟ್‌ಗಟ್ಟಲೆ."

"ಹಾಕೋದು ದೊಡ್ಡದಲ್ಲ ಕಣೋ. ಹಾಕಿದ್ದು ನೀರಲ್ಲಿ ಉಳಿದಿದೆಯಾ ಅಂತ ನೋಡಿದ್ದೀಯಾ?"

ಹೇಳೋದು ಮರೆತೆ. ನಮ್ಮಪ್ಪ ಹಾಸನ ಜಿಲ್ಲೆಯಲ್ಲಿ ಹೆಲ್ತ್ ಇನ್ಸ್‌ಪೆಕ್ಟರ್ ಆಗಿ ರಿಟೈರ್ ಆದವರು. ಸೈಕಲ್ಲಿನ ಕ್ಯಾರಿಯರ್ ಮೇಲೆ ಬ್ಲೀಚಿಂಗ್ ಪೌಡರಿನ ಚೀಲ, ಹ್ಯಾಂಡಲ್ಲಿಗೆ ಒಂದು ಬಕೆಟ್, ಮತ್ತೊಂದು ಮರದ ಪೆಟ್ಟಿಗೆ. ನನ್ನ ಬಾಲ್ಯದ ಅಪ್ಪ ಅಂದರೆ ಆ ವಾಸನೆ. ಆ ಪೆಟ್ಟಿಗೆಯ ಹೆಸರು ಹೊರಾಕ್ಸ್ ಬಾಕ್ಸ್. ಬ್ರಿಟಿಷ್ ಸೈನ್ಯದ ವೈದ್ಯ ವಿಲಿಯಂ ಹೊರಾಕ್ಸ್ ರೂಪಿಸಿದ್ದು. ದಂಡು ಹೋದಲ್ಲೆಲ್ಲ ಸಿಕ್ಕಿದ ನೀರನ್ನು ಕುಡಿಯುವ ಹಾಗೆ ಮಾಡೋದು ಹೇಗೆ ಅನ್ನೋದು ಅವನ ಪ್ರಶ್ನೆ. ಪೆಟ್ಟಿಗೆಯೊಳಗೆ ಆರು ಬಿಳಿ ಲೋಟ, ಒಂದು ಕಪ್ಪು ಲೋಟ. ಕಪ್ಪು ಲೋಟದಲ್ಲಿ ಎರಡು ಗ್ರಾಂ ಬ್ಲೀಚಿಂಗ್ ಪೌಡರ್ ಕದಡಬೇಕು. ಆರು ಬಿಳಿ ಲೋಟಕ್ಕೂ ಬಾವಿಯ ನೀರು ತುಂಬಿ ಮೊದಲನೆಯದಕ್ಕೆ ಒಂದು ಹನಿ, ಎರಡನೆಯದಕ್ಕೆ ಎರಡು, ಹೀಗೆ ಆರರವರೆಗೆ ಹಾಕಬೇಕು. ಅರ್ಧ ಗಂಟೆ ಬಿಟ್ಟು ಗಂಜಿ-ಅಯೋಡೈಡಿನ ದ್ರಾವಣ ಹಾಕಿದರೆ ಯಾವ ಲೋಟದಲ್ಲಿ ಕ್ಲೋರಿನ್ ಉಳಿದಿದೆಯೋ ಅದು ನೀಲಿಯಾಗುತ್ತೆ. ಮೊದಲು ನೀಲಿಯಾದದ್ದು ಮೂರನೇ ಲೋಟ ಅಂದರೆ ಮೂರೆರಡಲ ಆರು ಗ್ರಾಂ, ಪ್ರತಿ 455 ಲೀಟರಿಗೆ. ಬಾವಿಯ ಸುತ್ತಳತೆ, ಆಳ ಅಳೆದು ಲೆಕ್ಕ ಹಾಕಿ ಅಷ್ಟು ಪೌಡರ್ ಕದಡಿ ಇಳಿಬಿಡೋದು.

ಇದರ ಹಿಂದಿನ ಉಪಾಯ ನೋಡಿ. ಕ್ಲೋರಿನ್ನು ನೀರಿಗೆ ಬಿದ್ದ ತಕ್ಷಣ ಅಲ್ಲಿರುವ ಕೊಳೆಯ ಜೊತೆ ಜಗಳಕ್ಕೆ ಬೀಳುತ್ತೆ. ಜಗಳದಲ್ಲಿ ಖರ್ಚಾಗಿ ಹೋದದ್ದಕ್ಕೆ ಲೆಕ್ಕವಿಲ್ಲ, ಜಗಳ ಮುಗಿದ ಮೇಲೂ ಉಳಿದದ್ದೇ ಕಾವಲುಗಾರ. ಒಂದು ಗಂಟೆಯ ನಂತರ ಲೀಟರಿಗೆ ಅರ್ಧ ಮಿಲಿಗ್ರಾಂ ಉಳಿದಿರಬೇಕು ಅನ್ನೋದು ಅಪ್ಪನ ಇಲಾಖೆಯ ನಿಯಮ. ಚೀಲ ಹಳೆಯದಾದರೆ ಪೌಡರಿನಲ್ಲಿ ಶಕ್ತಿಯೇ ಇರೋದಿಲ್ಲ, ಬಾವಿಗೆ ಸುಣ್ಣ ಸುರಿದ ಹಾಗೆ. ಅದಕ್ಕೇ ಅಪ್ಪ ಕೇಳಿದ್ದು, ಉಳಿದಿದೆಯಾ ಅಂತ.

ನನ್ನ ಹತ್ತಿರ ಪೂಲಿನ ಜೊತೆ ಬಂದಿದ್ದ ಒಂದು ಹಳೇ ಟೆಸ್ಟ್ ಕಿಟ್ ಇತ್ತು, ಹನಿ ಹಾಕಿದರೆ ಹಳದಿಯಾಗುವಂಥದ್ದು. ಅಪ್ಪ ಅದನ್ನು ನೋಡಿದ್ದೇ ತಡ, ಅಮೇರಿಕಾದಲ್ಲಿ ಹಳೇ ಸಹೋದ್ಯೋಗಿ ಸಿಕ್ಕಿದ ಹಾಗೆ ಮುಖ ಅರಳಿಸಿ "ಏ, ಇದು ನಮ್ಮ ಕ್ಲೋರೋಸ್ಕೋಪು!" ಅಂದರು. ನಿಜ, ಅದೇ ಆರ್ಥೋಟಾಲಿಡಿನ್ ದ್ರಾವಣ. ಇಪ್ಪತ್ತನೇ ಶತಮಾನದ ಆರಂಭದಲ್ಲಿ ಅಮೇರಿಕಾದಲ್ಲಿ ಶುರುವಾಗಿ, ನಮ್ಮ ಪ್ರೈಮರಿ ಹೆಲ್ತ್ ಸೆಂಟರುಗಳ ಕಪಾಟಿನವರೆಗೂ ಬಂದದ್ದು. 1957ರಲ್ಲಿ ಇಂಗ್ಲೆಂಡಿನ ಪಾಲಿನ್ ಎಂಬಾತ ಗುಲಾಬಿ ಬಣ್ಣ ಬರುವ ಡಿಪಿಡಿ ಪರೀಕ್ಷೆ ಕೊಟ್ಟ ಮೇಲೆ ಹಳದಿಯದು ನಿಧಾನಕ್ಕೆ ಹಿಂದೆ ಸರಿಯಿತು. ಗುಲಾಬಿಯದರಲ್ಲಿ ಇನ್ನೂ ಕೆಲಸ ಮಾಡಬಲ್ಲ ಕ್ಲೋರಿನ್ ಎಷ್ಟು, ಬೆವರು-ಮೂತ್ರದ ಜೊತೆ ಸೇರಿ ಸುಸ್ತಾಗಿ ಕೂತದ್ದೆಷ್ಟು ಅಂತ ಬೇರೆ ಬೇರೆ ಹೇಳಬಹುದು. ಅಂದ ಹಾಗೆ, ಪೂಲಿನ ಹತ್ತಿರ ಹೋದರೆ ಘಮ್ಮಂತ ಬರುತ್ತಲ್ಲ "ಕ್ಲೋರಿನ್ ವಾಸನೆ", ಅದು ಕ್ಲೋರಿನ್ ಜಾಸ್ತಿಯಾದದ್ದಕ್ಕಲ್ಲ, ಹೀಗೆ ಸುಸ್ತಾದದ್ದು ಜಾಸ್ತಿಯಾದದ್ದಕ್ಕೆ. ಚೆನ್ನಾಗಿರುವ ಪೂಲಿಗೆ ಹೆಚ್ಚು ವಾಸನೆಯೇ ಇರೋದಿಲ್ಲ.

ಅಪ್ಪ ಇಲ್ಲಿದ್ದ ಐದು ತಿಂಗಳೂ ಸಂಜೆ ಹೊತ್ತು ಇದೇ ನಮ್ಮ ಮಾತು. ಅವರು ಬಾವಿಯ ಕಥೆ ಹೇಳೋರು, ನಾನು ಲೈಬ್ರರಿಯಿಂದ ತಂದ ಪುಸ್ತಕದ ಕಥೆ ಹೇಳುತ್ತಿದ್ದೆ. ಆವತ್ತು ಹಿಡಿದ ಹುಚ್ಚು ಇನ್ನೂ ಬಿಟ್ಟಿಲ್ಲ ನೋಡಿ.

ಕ್ಲೋರಿನ್ನನ್ನು 1774ರಲ್ಲಿ ಮೊದಲು ತಯಾರಿಸಿದವನು ಸ್ವೀಡನ್ನಿನ ಶೀಲೆ. 1810ರಲ್ಲಿ ಹಂಫ್ರಿ ಡೇವಿ ಇದೊಂದು ಮೂಲವಸ್ತು ಅಂತ ಹೇಳಿ, ಅದರ ಹಸಿರು-ಹಳದಿ ಬಣ್ಣದ ಮೇಲೆ ಹೆಸರಿಟ್ಟ. ಬ್ಲೀಚಿಂಗ್ ಪೌಡರಿಗೆ 1799ರಲ್ಲಿ ಗ್ಲಾಸ್ಗೋದ ಚಾರ್ಲ್ಸ್ ಟೆನೆಂಟ್ ಪೇಟೆಂಟ್ ಪಡೆದದ್ದು ಬಟ್ಟೆ ಬಿಳಿ ಮಾಡೋದಕ್ಕೆ. ಅದಕ್ಕೂ ಕುಡಿಯುವ ನೀರಿಗೂ ಸಂಬಂಧವೇ ಇರಲಿಲ್ಲ. 1847ರಲ್ಲಿ ವಿಯೆನ್ನಾದ ಹೆರಿಗೆ ಆಸ್ಪತ್ರೆಯಲ್ಲಿ ಸೆಮ್ಮೆಲ್‌ವೈಸ್ ವೈದ್ಯರ ಕೈಯನ್ನು ಅದೇ ಪೌಡರಿನ ನೀರಲ್ಲಿ ತೊಳೆಸಿದಾಗ ಬಾಣಂತಿಯರ ಸಾವು ಇಳಿಯಿತು. ಅವನು ಅದನ್ನು ಆರಿಸಿಕೊಂಡದ್ದು ಹೆಣದ ವಾಸನೆ ಹೋಗಿಸುತ್ತೆ ಅಂತ. ಕ್ರಿಮಿಯ ವಿಚಾರ ಆಗಿನ್ನೂ ಯಾರಿಗೂ ಸರಿಯಾಗಿ ಗೊತ್ತಿರಲಿಲ್ಲ. 1905ರಲ್ಲಿ ಇಂಗ್ಲೆಂಡಿನ ಲಿಂಕನ್ ಊರಲ್ಲಿ ವಿಷಮಶೀತಜ್ವರ ಎದ್ದಾಗ ಅಲೆಕ್ಸಾಂಡರ್ ಹೂಸ್ಟನ್ ಊರಿನ ನೀರಿಗೇ ಕ್ಲೋರಿನ್ ಸೇರಿಸಿದ. ರೋಗ ಬಂದ ಮೇಲೆ ಮಾಡಿದ ಚಿಕಿತ್ಸೆ ಅದು.

ರೋಗ ಬರುವ ಮೊದಲೇ, ದಿನಾ, ಎಲ್ಲರ ನೀರಿಗೂ ಹಾಕುವ ಧೈರ್ಯ ಮಾಡಿದವನು ಡಾಕ್ಟರ್ ಜಾನ್ ಲೀಲ್. ಈತನ ಕಥೆ ಹೇಳಿದಾಗ ಅಪ್ಪ ಕುರ್ಚಿ ಹತ್ತಿರ ಎಳೆದುಕೊಂಡು ಕೂತಿದ್ದರು. ಲೀಲನ ತಂದೆಯೂ ವೈದ್ಯ. ಅಮೇರಿಕಾದ ಅಂತರ್ಯುದ್ಧದಲ್ಲಿ ಪಡೆಯ ಜೊತೆ ಹೋಗಿ ಕೆಟ್ಟ ನೀರು ಕುಡಿದು ಭೇದಿ ಹಿಡಿಸಿಕೊಂಡು ಬಂದವನು, ವರ್ಷಗಟ್ಟಲೆ ನರಳಿ ಅದರಿಂದಲೇ ತೀರಿಕೊಂಡವನು. ಮಗ ನೀರಿನ ಕೆಲಸಕ್ಕೇ ಬಿದ್ದ. ನ್ಯೂ ಜೆರ್ಸಿಯ ಜೆರ್ಸಿ ಸಿಟಿಗೆ ನೀರು ಕೊಡುತ್ತಿದ್ದ ಖಾಸಗಿ ಕಂಪನಿಗೂ ನಗರಕ್ಕೂ ಕೋರ್ಟಿನಲ್ಲಿ ವ್ಯಾಜ್ಯ. ಮಳೆ ಬಂದಾಗ ಚರಂಡಿ ನೀರು ಜಲಾಶಯಕ್ಕೆ ಬರುತ್ತೆ, ಇದು ಶುದ್ಧ ನೀರಲ್ಲ ಅಂತ ನಗರದವರ ವಾದ. ಚರಂಡಿ ಕಟ್ಟಿಸಿ, ಇಲ್ಲವೇ ಬೇರೆ ಉಪಾಯ ತೋರಿಸಿ ಅಂತ ಕೋರ್ಟು ಹೇಳಿತು. ಕಂಪನಿಯ ಸಲಹೆಗಾರನಾಗಿದ್ದ ಲೀಲ್ ಚರಂಡಿ ಬೇಡ ಅಂದ. ಇಂಜಿನಿಯರ್ ಜಾರ್ಜ್ ಫುಲ್ಲರನನ್ನು ಜೊತೆಗೆ ಹಾಕಿಕೊಂಡು ಸುಮಾರು ನೂರು ದಿನದಲ್ಲಿ ಬೂಂಟನ್ ಜಲಾಶಯದ ಹತ್ತಿರ ಬ್ಲೀಚಿಂಗ್ ಪೌಡರ್ ಬೆರೆಸುವ ಕಟ್ಟಡ ಎಬ್ಬಿಸಿ, 1908ರ ಸೆಪ್ಟೆಂಬರ್ 26ರಂದು ಚಾಲೂ ಮಾಡಿಬಿಟ್ಟ. ದಿನಕ್ಕೆ ನಾಲ್ಕು ಕೋಟಿ ಗ್ಯಾಲನ್, ಅಂದರೆ ಹದಿನೈದು ಕೋಟಿ ಲೀಟರ್. ಬೆರೆಸಿದ ಕ್ಲೋರಿನ್ ಲೀಟರಿಗೆ ಬರೀ 0.2 ಮಿಲಿಗ್ರಾಂ. ಎರಡು ಲಕ್ಷ ಜನ ಆ ನೀರು ಕುಡಿದರು. ಕುಡಿಯುವ ಮುಂಚೆ ಅವರನ್ನು ಯಾರೂ ಕೇಳಲಿಲ್ಲ.

ಕೇಳಿದ್ದರೆ ಬೇಡ ಅನ್ನುತ್ತಿದ್ದರು, ಅದರಲ್ಲಿ ಅನುಮಾನ ಇಲ್ಲ. ಆ ಕಾಲಕ್ಕೆ ಕುಡಿಯೋ ನೀರಿಗೆ ರಾಸಾಯನಿಕ ಬೆರೆಸೋದು ಅಂದರೆ ವಿಷ ಹಾಕಿದ ಹಾಗೆ. ಕೋರ್ಟಿನಲ್ಲಿ ಇದೇ ವಿಚಾರಕ್ಕೆ ಅವನನ್ನು ಹಿಂಡಿದರು. ನೀನು ಈ ನೀರು ಕುಡಿಯುತ್ತೀಯಾ, ನಿನ್ನ ಮನೆಯವರಿಗೆ ಕೊಡುತ್ತೀಯಾ ಅಂತ. ಹೌದು ಅಂದ. ಕೊನೆಗೆ ತೀರ್ಪು ಅವನ ಕಡೆ ಬಂತು. ಮುಂದಿನ ಹತ್ತೇ ವರ್ಷದಲ್ಲಿ ಅಮೇರಿಕಾದ ನೂರಾರು ಊರುಗಳು ಹಿಂಬಾಲಿಸಿದವು. ನಾನು ಇದನ್ನೆಲ್ಲ ಹೇಳಿ ಮುಗಿಸಿದಾಗ ಅಪ್ಪ ಅಂದದ್ದು: "ನಮಗೂ ಹೇಳೋರು. ಔಷಧಿ ಹಾಕಿದ ನೀರಲ್ಲಿ ಬೇಳೆ ಬೇಯಲ್ಲ ಸ್ವಾಮಿ, ನಿಮ್ಮ ಮನೆ ಬಾವಿಗೆ ಹಾಕ್ಕೊಳಿ ಅಂತ. ನಾನೂ ಮೊದಲು ಅವರೆದುರಿಗೆ ಒಂದು ಲೋಟ ಕುಡಿದು ತೋರಿಸ್ತಿದ್ದೆ."

ಸರಿ, ಪೂಲಿಗೆ ಬರೋಣ.

ಮೊಹೆಂಜೊದಾರೊದ ದೊಡ್ಡ ಸ್ನಾನಕೊಳ ನಿಮಗೆಲ್ಲ ಹೈಸ್ಕೂಲಿನಿಂದ ಗೊತ್ತು. ಹನ್ನೆರಡು ಮೀಟರ್ ಉದ್ದ, ಏಳು ಮೀಟರ್ ಅಗಲ, ನೀರು ಸೋರದ ಹಾಗೆ ಡಾಂಬರಿನಂಥ ಅಂಟು, ಮೂಲೆಯಲ್ಲಿ ನೀರು ಹೊರಬಿಡಲು ತೂಬು. ಅಲ್ಲಿಂದ ಹಿಡಿದು 1900ರವರೆಗೂ ಕೊಳದ ನೀರು ಚೊಕ್ಕ ಇಡುವ ವಿಧಾನ ಹೆಚ್ಚುಕಮ್ಮಿ ಒಂದೇ, ತುಂಬಿಸೋದು ಮತ್ತೆ ಖಾಲಿ ಮಾಡೋದು. ಇಂಗ್ಲೆಂಡಿನ ಸಾರ್ವಜನಿಕ ಸ್ನಾನಗೃಹಗಳಲ್ಲಿ ಹೊಸ ನೀರಿನ ದಿನ ಟಿಕೆಟ್ಟು ಜಾಸ್ತಿ, ದಿನ ಕಳೆದು ನೀರು ಕದಡಿದ ಹಾಗೆ ಟಿಕೆಟ್ಟು ಅಗ್ಗ. 1906ರಲ್ಲಿ ತೆರೆದ ಮ್ಯಾಂಚೆಸ್ಟರಿನ ವಿಕ್ಟೋರಿಯಾ ಬಾತ್ಸ್‌ನಲ್ಲಿ ಮೂರು ಕೊಳ. ಒಂದನೇ ದರ್ಜೆ ಗಂಡಸರದು, ಎರಡನೇ ದರ್ಜೆ ಗಂಡಸರದು, ಹೆಂಗಸರದು. ಸ್ವಂತ ಕೊಳವೆಬಾವಿಯ ಶುದ್ಧ ನೀರು ಮೊದಲು ಒಂದನೇ ದರ್ಜೆಯವರಿಗೆ. ಅವರು ಈಜಿದ ನೀರು ಎರಡನೇ ದರ್ಜೆಯವರಿಗೆ. ಅವರೂ ಈಜಿ ಬಿಟ್ಟದ್ದು ಹೆಂಗಸರಿಗೆ! ಇದನ್ನು ಓದಿ ಹೇಳಿದಾಗ ನನ್ನ ಹೆಂಡತಿ ಅಡಿಗೆ ಮನೆಯಿಂದಲೇ "ನಮ್ಮಜ್ಜಿ ಮನೆ ಹಂಡೆ ನೀರಿನ ಕ್ರಮವೂ ಇದೇ" ಅಂದಳು.

ಈಜುಕೊಳಕ್ಕೆ ಕ್ಲೋರಿನ್ ಹಾಕಿ ನೋಡಿದ ಮೊದಲಿಗರಲ್ಲಿ ಒಬ್ಬ ಅಮೇರಿಕಾದ ಬ್ರೌನ್ ವಿಶ್ವವಿದ್ಯಾಲಯದ ವಿದ್ಯಾರ್ಥಿ ಬಂಕರ್. 1910-11ರ ಸುಮಾರಿಗೆ ಕಾಲೇಜಿನ ಕೊಳಕ್ಕೆ ಹೈಪೋಕ್ಲೋರೈಟ್ ಹಾಕಿ, ಮುಂಚೆ ಎಷ್ಟು ಬ್ಯಾಕ್ಟೀರಿಯಾ ಇದ್ದವು, ಆಮೇಲೆ ಎಷ್ಟು ಅಂತ ಎಣಿಸಿದ. ಅಲ್ಲಿಗೆ ಸಾವಿರಾರು ವರ್ಷದ ಖಾಲಿ ಮಾಡುವ ಪದ್ಧತಿಗೆ ಕಾರಣವೇ ಉಳಿಯಲಿಲ್ಲ. ಅದೇ ನೀರನ್ನು ಸೋಸಿ, ಅದಕ್ಕೇ ಕ್ಲೋರಿನ್ ಸೇರಿಸಿ, ತಿಂಗಳುಗಟ್ಟಲೆ ಇಟ್ಟುಕೊಳ್ಳಬಹುದು.

ಆದರೆ ಖಾಲಿ ಮಾಡೋದು ನಿಲ್ಲಲಿಲ್ಲ. ಕ್ಯಾಲಿಫೋರ್ನಿಯಾದ ಪ್ಯಾಸಡೀನಾದಲ್ಲಿ 1914ರಲ್ಲಿ ಬ್ರೂಕ್‌ಸೈಡ್ ಪ್ಲಂಜ್ ಎನ್ನುವ ಸಾರ್ವಜನಿಕ ಕೊಳ ತೆರೆದರು. ಬಿಳಿಯರಲ್ಲದವರಿಗೆ, ಅಂದರೆ ಕಪ್ಪು ಜನ, ಮೆಕ್ಸಿಕನ್ನರು, ಏಷ್ಯಾದವರಿಗೆ, ವಾರಕ್ಕೆ ಒಂದೇ ದಿನ. ಅದಕ್ಕೆ "ಅಂತರರಾಷ್ಟ್ರೀಯ ದಿನ" ಎಂಬ ಚಂದದ ಹೆಸರು. ಅವತ್ತು ಮುಗಿದ ಮೇಲೆ ಕೊಳದ ನೀರನ್ನೆಲ್ಲ ಹೊರಬಿಟ್ಟು, ತೊಳೆದು, ಹೊಸ ನೀರು ತುಂಬುತ್ತಿದ್ದರು. ಬೇಸ್‌ಬಾಲ್ ಆಟಗಾರ ಜಾಕಿ ರಾಬಿನ್ಸನ್ ಬೆಳೆದದ್ದು ಆ ಊರಲ್ಲೇ. ಎಲ್ಲರಿಗೂ ಎಲ್ಲ ದಿನವೂ ಅಲ್ಲಿ ಇಳಿಯಲು ಸಾಧ್ಯವಾದದ್ದು ಕೋರ್ಟಿಗೆ ಹೋಗಿ 1947ರಲ್ಲಿ. ಯಾವ ಟೆಸ್ಟ್ ಕಿಟ್ಟೂ ತೋರಿಸದ ಮೈಲಿಗೆ ಅದು. ನಾನು ಇಲ್ಲಿ ಬೇಕೆಂದೇ ಮೈಲಿಗೆ ಅನ್ನುವ ನಮ್ಮ ಪದ ಹಾಕುತ್ತಿದ್ದೇನೆ.

ಸರಿ, ನನ್ನ ಹಸಿರು ನೀರಿಗೆ ಏನಾಗಿತ್ತು? ಇಲ್ಲಿ ಸ್ವಲ್ಪ ಕೆಮಿಸ್ಟ್ರಿ ಸಹಿಸಿಕೊಳ್ಳಿ. ಮೊದಲನೆಯದು ಪಿಎಚ್. ಈ ಅಳತೆಯನ್ನು 1909ರಲ್ಲಿ ಕೊಟ್ಟವನು ಡೆನ್ಮಾರ್ಕಿನ ಸೋರೆನ್‌ಸನ್, ಕೆಲಸ ಮಾಡುತ್ತಿದ್ದದ್ದು ಕಾರ್ಲ್ಸ್‌ಬರ್ಗ್ ಬಿಯರ್ ಕಂಪನಿಯ ಪ್ರಯೋಗಾಲಯದಲ್ಲಿ. (ಬಿಯರ್ ಕುಡಿಯುವ ಗೆಳೆಯರು ಇನ್ನು ಮುಂದೆ ವಿಜ್ಞಾನದ ಸೇವೆ ಅಂತ ಹೇಳಿಕೊಳ್ಳಬಹುದು :) ) ಕ್ಲೋರಿನ್ ನೀರಲ್ಲಿ ಎರಡು ವೇಷದಲ್ಲಿರುತ್ತೆ. ಹೈಪೋಕ್ಲೋರಸ್ ಆಮ್ಲ ಅನ್ನೋದು ಚುರುಕು, ಹೈಪೋಕ್ಲೋರೈಟ್ ಅಯಾನು ಸೋಮಾರಿ. ಕ್ರಿಮಿ ಕೊಲ್ಲುವುದರಲ್ಲಿ ಮೊದಲನೆಯದು ಎರಡನೆಯದಕ್ಕಿಂತ ಎಂಬತ್ತರಿಂದ ನೂರು ಪಟ್ಟು ಮುಂದು. ಪಿಎಚ್ 7.5ರಲ್ಲಿ ಇಬ್ಬರೂ ಅರ್ಧರ್ಧ. 8ಕ್ಕೆ ಏರಿದರೆ ಚುರುಕಿನವರು ಕಾಲು ಭಾಗವೂ ಇಲ್ಲ. ಅದಕ್ಕೇ ಪಿಎಚ್ಚನ್ನು 7.2ರಿಂದ 7.8ರ ನಡುವೆ ಇಡಿ ಅನ್ನುವುದು. ಏರಿದಾಗ ಇಳಿಸಲು ಮ್ಯೂರಿಯಾಟಿಕ್ ಆಸಿಡ್, ಅಂದರೆ ನಮ್ಮೂರಲ್ಲಿ ಕಕ್ಕಸು ತೊಳೆಯಲು ತರುತ್ತಾರಲ್ಲ, ಅದೇ ಹೈಡ್ರೋಕ್ಲೋರಿಕ್ ಆಮ್ಲ. ಐವತ್ತು ಸಾವಿರ ಲೀಟರಿನ ಪೂಲಿಗೆ ಒಂದು ಲೀಟರ್ ಸಾಕು, ಇಳಿದದ್ದು ಕಾಣುತ್ತೆ. ಈ ಅಂಕಿ ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತೆ.

ಎರಡನೆಯದು ಬಿಸಿಲು. ಇಲ್ಲಿಯ ಬಿಸಿಲಿಗೆ ಬರೀ ಕ್ಲೋರಿನ್ ಹಾಕಿದರೆ ಒಂದು ಗಂಟೆಯೊಳಗೆ ಅರ್ಧ ಮಾಯ. 1950ರ ದಶಕದಲ್ಲಿ ಇದಕ್ಕೊಂದು ಔಷಧ ಸಿಕ್ಕಿತು, ಸಯನೂರಿಕ್ ಆಮ್ಲ. ಅದು ಕ್ಲೋರಿನ್ನಿಗೆ ಕೊಡೆ ಹಿಡಿಯುತ್ತೆ. ಹಿತ್ತಲ ಪೂಲುಗಳು ಸಾಮಾನ್ಯರ ಕೈಗೆ ಎಟುಕಿದ್ದರಲ್ಲಿ ಇದರ ಪಾಲೂ ಇದೆ. ಆದರೆ ಕೊಡೆ ಜಾಸ್ತಿಯಾದರೆ ಕ್ಲೋರಿನ್ ಕೊಡೆಯಡಿಯಲ್ಲೇ ಕೂತು ಕೆಲಸ ಬಿಟ್ಟುಬಿಡುತ್ತೆ. ಆ ಅಂಗಡಿಯವನ ಬಿಳಿ ಬಿಲ್ಲೆ ಇತ್ತಲ್ಲ, ಅದರೊಳಗೆ ಕ್ಲೋರಿನ್ ಜೊತೆ ಕೊಡೆಯೂ ಸೇರೇ ಇರುತ್ತೆ. ಹತ್ತು ಪಿಪಿಎಂ ಕ್ಲೋರಿನ್ ಹಾಕಿದರೆ ಆರು ಪಿಪಿಎಂ ಸಯನೂರಿಕ್ ಆಮ್ಲ ಬಿಟ್ಟಿ. ಕ್ಲೋರಿನ್ ಖರ್ಚಾಗುತ್ತೆ, ಇದು ಆಗೋದಿಲ್ಲ. ನೀರು ಆವಿಯಾದರೂ ಇದು ಅಲ್ಲೇ ಕೂತಿರುತ್ತೆ, ನೆಂಟರ ಹಾಗೆ. ಇದನ್ನು ಅಳೆಯುವುದು ಬಲು ಮಜಾ. ನೀರಿಗೆ ಒಂದು ದ್ರಾವಣ ಹಾಕಿದರೆ ಹಾಲಿನ ಹಾಗೆ ಬಿಳಿಯಾಗುತ್ತೆ, ಅದನ್ನು ಕೊಳವೆಗೆ ಸುರಿಯುತ್ತಾ ತಳದ ಕಪ್ಪು ಚುಕ್ಕೆ ಯಾವಾಗ ಮರೆಯಾಗುತ್ತೆ ಅಂತ ನೋಡಬೇಕು. ಮೂವತ್ತರಿಂದ ಐವತ್ತು ಇರಬೇಕಾದದ್ದು ನಮ್ಮಲ್ಲಿ ಸ್ಕೇಲಿನಾಚೆ ಇತ್ತು. ಅಪ್ಪ ಅರ್ಧಕ್ಕರ್ಧ ನಲ್ಲಿ ನೀರು ಬೆರೆಸಿ ಮತ್ತೆ ಅಳೆಸಿದರು. ಎಂಬತ್ತು. ಅಂದರೆ ನೂರಾ ಅರವತ್ತು! ಮದ್ದು ಒಂದೇ, ಅರ್ಧ ಪೂಲು ಖಾಲಿ ಮಾಡಿ ಹೊಸ ನೀರು ತುಂಬೋದು.

ಆ ಅಂಗಡಿಗೆ ಹೋಗಿ ಕೇಳಿದೆ, ಇದನ್ನು ಮೊದಲೇ ಯಾಕೆ ಹೇಳಲಿಲ್ಲ ಅಂತ. ಬಿಲ್ಲೆಯ ಡಬ್ಬದ ಮೇಲೆ ಬರೆದಿದೆಯಲ್ಲ ಅಂದ. ಬರೆದಿತ್ತು, ಇರುವೆ ಗಾತ್ರದ ಅಕ್ಷರದಲ್ಲಿ.

ಪಾಚಿ ಕೊಲ್ಲಲು ಹರಳಿನ ಹೈಪೋಕ್ಲೋರೈಟ್ ತಂದೆ. ಮೊದಲು ಪಿಎಚ್ ಇಳಿಸೋಣ ಅಂತ ಒಂದು ಪ್ಲಾಸ್ಟಿಕ್ ಲೋಟದಲ್ಲಿ ಆಸಿಡ್ ಅಳೆದು ಸುರಿದೆ. ಆಮೇಲೆ ಅದೇ ಒದ್ದೆ ಲೋಟವನ್ನು ಹೈಪೋಕ್ಲೋರೈಟಿನ ಬಕೆಟ್ಟಿಗೆ ಅದ್ದಿದೆ. ಚುಸ್ ಅಂತ ಸದ್ದು, ಹಳದಿ-ಹಸಿರು ಹೊಗೆ. ಲೋಟ ಎಸೆದು ಓಡಿದೆ, ಸಂಜೆಯವರೆಗೂ ಕೆಮ್ಮು. 1915ರ ಏಪ್ರಿಲ್ 22ರಂದು ಈಪ್ರ್ ಎಂಬಲ್ಲಿ ಜರ್ಮನ್ನರು ಸಿಲಿಂಡರುಗಳಿಂದ ಗಾಳಿಗೆ ಬಿಟ್ಟದ್ದು ಇದೇ ಅನಿಲ. ನನಗೆ ದಕ್ಕಿದ್ದು ಒಂದು ಉಸಿರಿನಷ್ಟು.

ಅಪ್ಪ ಅಷ್ಟು ಬೈದದ್ದು ನಾನು ಹತ್ತನೇ ಕ್ಲಾಸಿನ ಮೇಲೆ ಕೇಳಿರಲಿಲ್ಲ. "ಬುದ್ಧಿ ಬೇಡ್ವೇನೋ? ಆಸಿಡ್ಡಿಗೆ ಬೇರೆ ಲೋಟ, ಕ್ಲೋರಿನ್ನಿಗೆ ಬೇರೆ ಲೋಟ. ಎರಡನ್ನೂ ಒಂದೇ ಶೆಡ್ಡಲ್ಲಿ ಇಡಲೂ ಕೂಡದು!" ಹೊಸ ಲೋಟ ತರಿಸಿ, ಮಾರ್ಕರಿನಿಂದ ಒಂದರ ಮೇಲೆ "ಆ", ಇನ್ನೊಂದರ ಮೇಲೆ "ಕ್ಲೋ" ಅಂತ ತಾವೇ ಬರೆದರು.

ಆ ರಾತ್ರಿ ನಾನು ಅವರಿಗೆ ಒಂದು ಫೋಟೋ ತೋರಿಸಿದೆ. ನಿಮ್ಮಲ್ಲಿ ಕೆಲವರು ನೋಡಿರಬಹುದು. ಫ್ಲಾರಿಡಾದ ಸೇಂಟ್ ಆಗಸ್ಟೀನ್, 1964ರ ಜೂನ್ 18. ಮಾನ್ಸನ್ ಮೋಟರ್ ಲಾಡ್ಜ್ ಎಂಬ ಹೋಟೆಲು. ಒಂದು ವಾರ ಮುಂಚೆ ಮಾರ್ಟಿನ್ ಲೂಥರ್ ಕಿಂಗ್‌ರನ್ನು ಆ ಹೋಟೆಲಿನ ಮೆಟ್ಟಿಲ ಮೇಲೇ ಬಂಧಿಸಿದ್ದರು. ಅವತ್ತು ಕಪ್ಪು ಮತ್ತು ಬಿಳಿಯ ಯುವಕ ಯುವತಿಯರು ಒಟ್ಟಿಗೇ ಅಲ್ಲಿನ ಪೂಲಿಗೆ ಹಾರಿದರು. ಮ್ಯಾನೇಜರ್ ಜೇಮ್ಸ್ ಬ್ರಾಕ್ ಮ್ಯೂರಿಯಾಟಿಕ್ ಆಸಿಡ್ಡಿನ ಕ್ಯಾನ್ ತಂದು ಅವರಿದ್ದ ನೀರಿಗೆ ಸುರಿಯತೊಡಗಿದ. ಫೋಟೋದಲ್ಲಿ ಅವನು ದಡದಲ್ಲಿ ಬಾಗಿದ್ದಾನೆ, ನೀರಲ್ಲಿರುವ ಹುಡುಗಿ ಬಾಯಿ ತೆರೆದು ಚೀರುತ್ತಿದ್ದಾಳೆ.

ಈಗ ಆ ಅಂಕಿ ನೆನಪು ಮಾಡಿಕೊಳ್ಳಿ. ಸಾವಿರಾರು ಗ್ಯಾಲನ್ ನೀರಿಗೆ ಒಂದೆರಡು ಗ್ಯಾಲನ್ ಆಸಿಡ್ ಬಿದ್ದರೆ ಪಿಎಚ್ ಒಂದಿಷ್ಟು ಇಳಿಯುತ್ತೆ, ಬೆರೆತ ಮೇಲೆ ಚರ್ಮ ಸುಡೋದಿಲ್ಲ. ಈಜುತ್ತಿದ್ದವರಲ್ಲಿ ಒಬ್ಬನಿಗೆ ಈ ಲೆಕ್ಕ ಗೊತ್ತಿತ್ತಂತೆ, ಉಳಿದವರ ಭಯ ಬಿಡಿಸಲು ಅದೇ ನೀರನ್ನು ಒಂದು ಗುಟುಕು ಕುಡಿದ ಅಂತ ಹೇಳುತ್ತಾರೆ. ಅವರು ಹತ್ತಿ ಬರಲಿಲ್ಲ. ಕೊನೆಗೆ ಒಬ್ಬ ಪೊಲೀಸಿನವನು ತಾನೇ ನೀರಿಗೆ ಹಾರಿ ಹಿಡಿಯಬೇಕಾಯಿತು. ಮರುದಿನ ಜೂನ್ 19ಕ್ಕೆ ಸೆನೆಟ್ಟಿನಲ್ಲಿ ನಾಗರಿಕ ಹಕ್ಕುಗಳ ಮಸೂದೆ ಪಾಸಾಯಿತು, ಜುಲೈ 2ಕ್ಕೆ ಸಹಿಯಾಗಿ ಕಾನೂನಾಯಿತು. ಆ ಹೋಟೆಲನ್ನು 2003ರಲ್ಲಿ ಕೆಡವಿದರು.

ಕಾನೂನು ಬಂದರೂ ನೀರು ಎಲ್ಲರದಾಗಲಿಲ್ಲ. ಅಲಬಾಮಾದ ಮಾಂಟ್ಗೊಮರಿ ನಗರ ಅದಕ್ಕೂ ಮೊದಲೇ, 1959ರಲ್ಲಿ, ಪಾರ್ಕುಗಳನ್ನೇ ಮುಚ್ಚಿ ಪೂಲಿಗೆ ಮಣ್ಣು ತುಂಬಿಸಿತ್ತು. ಮಿಸಿಸಿಪ್ಪಿಯ ಜಾಕ್ಸನ್ ನಗರ ಎಲ್ಲರನ್ನೂ ಬಿಡುವುದರ ಬದಲು ತನ್ನ ಪೂಲುಗಳನ್ನು ಮುಚ್ಚಿತು. 1971ರಲ್ಲಿ ಸುಪ್ರೀಂ ಕೋರ್ಟು ಐದಕ್ಕೆ ನಾಲ್ಕು ಮತದಲ್ಲಿ, ಎಲ್ಲರಿಗೂ ಮುಚ್ಚಿದ್ದಾರಲ್ಲ, ತಪ್ಪೇನಿಲ್ಲ ಅಂದಿತು. ಅನುಕೂಲವಿದ್ದ ಬಿಳಿಯರು ತಮ್ಮ ತಮ್ಮ ಹಿತ್ತಲಲ್ಲಿ, ಕ್ಲಬ್ಬುಗಳಲ್ಲಿ ಸ್ವಂತ ಪೂಲು ಕಟ್ಟಿಸಿಕೊಂಡರು. ಹಿತ್ತಲ ಪೂಲು ಹೆಚ್ಚಿದ್ದಕ್ಕೆ ಇದೂ ಒಂದು ಕಾರಣ ಅಂತ ಜೆಫ್ ವಿಲ್ಟ್ಸ್ 2007ರ ತನ್ನ "ಕಂಟೆಸ್ಟೆಡ್ ವಾಟರ್ಸ್" ಪುಸ್ತಕದಲ್ಲಿ ವಿವರಿಸಿದ್ದಾನೆ. ನನಗೆ ಆ ಮಾತು ಒಪ್ಪಿಗೆ. ಅಗ್ಗದ ಕಾಂಕ್ರೀಟು, ದುಡ್ಡು, ಬಿಸಿಲು ಎಲ್ಲ ಇತ್ತು, ಸರಿ. ಆದರೆ ನನ್ನ ಬೇಲಿಯೊಳಗಿನ ಈ 57 ಸಾವಿರ ಲೀಟರಿಗೂ ಆ ಮುಚ್ಚಿದ ಪೂಲುಗಳಿಗೂ ಸಂಬಂಧವೇ ಇಲ್ಲ ಅಂತ ಹೇಳಲು ನನಗೆ ಬಾಯಿ ಬರೋದಿಲ್ಲ.

ಅಪ್ಪ ಫೋಟೋ ಬಹಳ ಹೊತ್ತು ನೋಡಿದರು. ಆಮೇಲೆ "ಮಹಾಡದಲ್ಲಿ ಏನ್ಮಾಡಿದ್ರು ಗೊತ್ತಲ್ಲ?" ಅಂದರು. ಗೊತ್ತಿತ್ತು. 1927ರ ಮಾರ್ಚ್ 20ರಂದು ಅಂಬೇಡ್ಕರ್ ಸಾವಿರಾರು ಜನರ ಜೊತೆ ಹೋಗಿ ಚವದಾರ್ ಕೆರೆಯ ನೀರು ಮುಟ್ಟಿ ಕುಡಿದರು. ಆ ಕೆರೆ ಎಲ್ಲರಿಗೂ ಮುಕ್ತ ಅಂತ ಮಹಾಡ ಪುರಸಭೆಯೇ 1924ರಲ್ಲಿ ಠರಾವು ಮಾಡಿತ್ತು. ಆದರೂ ಆಮೇಲೆ ಸವರ್ಣೀಯರು 108 ಕೊಡ ಸಗಣಿ, ಗಂಜಲ, ಹಾಲು, ಮೊಸರು ಕೆರೆಗೆ ಸುರಿದು ನೀರನ್ನು "ಶುದ್ಧಿ" ಮಾಡಿದರು. ಬಾಂಬೆ ಹೈಕೋರ್ಟಿನ ತೀರ್ಪು ಅಂಬೇಡ್ಕರ್ ಪರವಾಗಿ ಬಂದದ್ದು 1937ರಲ್ಲಿ.

"ಹೊರಾಕ್ಸ್ ಬಾಕ್ಸಲ್ಲಿ ಆ ನೀರು ಇಟ್ಟು ನೋಡಿದ್ರೆ ಆರೂ ಲೋಟ ನೀಲಿ ಆಗ್ತಿರಲಿಲ್ಲ," ಅಂದರು ಅಪ್ಪ. ನಗಲಿಲ್ಲ. ಸ್ವಲ್ಪ ಹೊತ್ತು ಬಿಟ್ಟು ಅವರು ಹೇಳಿದ್ದನ್ನು ನಾನು ಅಲ್ಲಿಯವರೆಗೆ ಕೇಳಿರಲಿಲ್ಲ, ಅಮ್ಮನೂ ಕೇಳಿರಲಿಲ್ಲ.

ಎಪ್ಪತ್ತರ ದಶಕ. ಅಪ್ಪ ಕೆಲಸಕ್ಕೆ ಸೇರಿ ಎರಡೋ ಮೂರೋ ವರ್ಷ. ಒಂದು ಹಳ್ಳಿಯಲ್ಲಿ ವಾಂತಿಭೇದಿ ಶುರುವಾಗಿತ್ತು, ಮೊದಲು ಕೇರಿಯಲ್ಲಿ. ಬೆಳಿಗ್ಗೆ ಹೋಗಿ ಕೇರಿಯ ಬಾವಿಗೆ ಪೌಡರ್ ಹಾಕಿದರು. ಸಂಜೆ ಊರೊಳಗಿನ ಬಾವಿಗೆ ಬಂದರೆ ನಾಲ್ಕು ಜನ ಕಟ್ಟೆಯ ಮೇಲೆ ಕೂತಿದ್ದಾರೆ. "ಪೌಡರ್ ಹಾಕಿ ಇನ್ಸ್‌ಪೆಕ್ಟ್ರೇ, ಬೇಡ ಅನ್ನಲ್ಲ. ಆದ್ರೆ ಆ ಬಕೀಟು ಇಳಿಸಬೇಡಿ."

ಅಪ್ಪ ವಾದ ಮಾಡಿದರು. ಬೆಳಿಗ್ಗೆಯಿಂದ ಇದರಲ್ಲಿ ಕದಡಿರೋದು ಬ್ಲೀಚಿಂಗ್ ಪೌಡರು, ಈ ಊರಲ್ಲಿ ಇದಕ್ಕಿಂತ ಚೊಕ್ಕ ಪಾತ್ರೆ ಇನ್ನೊಂದಿಲ್ಲ ಅಂದರು. ಅವರು ಅಲ್ಲಾಡಲಿಲ್ಲ. ಕತ್ತಲಾಗುತ್ತಿತ್ತು. ಆ ರಾತ್ರಿ ಬಾವಿ ಹಾಗೇ ಬಿಟ್ಟರೆ ಬೆಳಿಗ್ಗೆ ಹೆಂಗಸರು ಅದೇ ನೀರು ಸೇದುತ್ತಾರೆ, ಮಕ್ಕಳು ಕುಡಿಯುತ್ತಾರೆ. ಅಪ್ಪ ಸೈಕಲ್ ಹತ್ತಿ ಐದು ಮೈಲಿ ಹೋಗಿ, ಅಂಗಡಿ ಬಾಗಿಲು ತಟ್ಟಿ ಎಬ್ಬಿಸಿ, ಕೈಯಿಂದ ದುಡ್ಡು ಕೊಟ್ಟು ಹೊಸ ಬಕೆಟ್ಟು, ಹೊಸ ಹಗ್ಗ ತಂದು ಲಾಟೀನು ಬೆಳಕಲ್ಲಿ ಪೌಡರ್ ಇಳಿಸಿದರು.

"ಮಾರನೇ ದಿನ ಮತ್ತೆ ಕೇರಿ ಬಾವಿಗೆ ಹೋದೆ. ಸೈಕಲ್ಲಿಗೆ ಎರಡು ಬಕೆಟ್ ನೇತುಹಾಕಿದ್ದೆ. ಒಬ್ಬ ಮುದುಕ, ಅವನ ಸೊಸೆ ಹಿಂದಿನ ದಿನ ತೀರಿಕೊಂಡಿದ್ದಳು, ಹೊಸದನ್ನೂ ನೋಡಿದ ಹಳೇದನ್ನೂ ನೋಡಿದ. 'ನಮ್ದಕ್ಕೆ ಹಳೇದೇ ತಾನೆ ಸ್ವಾಮಿ?' ಅಂದ. ಸಿಟ್ಟಿಲ್ಲ, ಏನಿಲ್ಲ. ಸುಮ್ಮನೆ ಕೇಳಿದ."

"ನೀವೇನಂದ್ರಿ?"

"ಏನೂ ಅನ್ನಲಿಲ್ಲ. ಎಂಟು ವರ್ಷ ಆ ಸರ್ಕಲ್ಲಲ್ಲಿದ್ದೆ. ಎಂಟು ವರ್ಷವೂ ಎರಡು ಬಕೆಟ್ ಇಟ್ಕೊಂಡಿದ್ದೆ ಕಣೋ."

ಪೂಲಿನ ಪಂಪು ಗುಂಯ್ ಅಂತಿತ್ತು. ನಾನೂ ಏನೂ ಅನ್ನಲಿಲ್ಲ. ಅವರು ಮಾಡಿದ್ದು ಸರಿಯಾ ತಪ್ಪಾ ಅಂತ ಈಗಲೂ ನನಗೆ ಹೇಳಲು ಬರೋದಿಲ್ಲ. ಎರಡು ಬಾವಿಯಲ್ಲೂ ಕ್ಲೋರಿನ್ ಉಳಿದಿತ್ತು, ಅಷ್ಟು ಗೊತ್ತು. ಅದನ್ನು ಅವರು ಕ್ಲೋರೋಸ್ಕೋಪಿನಲ್ಲಿ ನೋಡಿಯೇ ಬಂದಿದ್ದರು.

ಆ ವಾರಾಂತ್ಯ ಅರ್ಧ ಪೂಲು ಖಾಲಿ ಮಾಡಿದೆವು. ಪಂಪು ಇಳಿಬಿಟ್ಟು, ಪೈಪನ್ನು ಇಲ್ಲಿಯ ನಿಯಮದ ಪ್ರಕಾರ ಮನೆಯ ಒಳಚರಂಡಿ ಬಾಯಿಗೆ ಜೋಡಿಸಿ, ಬೆಳಗಿನ ಜಾವದಿಂದ ಮಧ್ಯಾಹ್ನದವರೆಗೆ. ಅಪ್ಪ ಒಂದು ಕುರ್ಚಿ ಹಾಕಿಕೊಂಡು ಪೈಪಿನ ಪಕ್ಕ ಕೂತಿದ್ದರು. "ಇಪ್ಪತ್ತೆಂಟು ಸಾವಿರ ಲೀಟರು... ಒಂದು ಹಳ್ಳಿಗೆ ದಿನದ ನೀರು" ಅಂತ ಎರಡು ಮೂರು ಸಲ ಅಂದರು. ಹೊಸ ನೀರು ತುಂಬಿದ ಮೇಲೆ ಸಯನೂರಿಕ್ ಆಮ್ಲ ಎಂಬತ್ತು, ಪಿಎಚ್ 7.6. ಕ್ಲೋರಿನ್ನನ್ನು ಏರಿಸಿ, ಬ್ರಷ್ಷಿನಿಂದ ಗೋಡೆ ಉಜ್ಜಿ, ಫಿಲ್ಟರ್ ಓಡಿಸಿ ನಾಲ್ಕನೇ ದಿನ ತಳದ ತೂಬು ಕಂಡಿತು. ಬಿಳಿ ಬಿಲ್ಲೆ ಅವತ್ತಿಗೇ ಬಿಟ್ಟೆ. ಈಗ ದ್ರವರೂಪದ ಕ್ಲೋರಿನ್ ಮಾತ್ರ, ದಿನಾ ಸಂಜೆ ಸ್ವಲ್ಪ ಸ್ವಲ್ಪ.

ಶೆಡ್ಡಿನಲ್ಲಿ "ಆ" ಲೋಟ ಒಂದು ಮೂಲೆ, "ಕ್ಲೋ" ಲೋಟ ಗರಾಜಿನ ಇನ್ನೊಂದು ಮೂಲೆ. ಊರಿಗೆ ಫೋನ್ ಮಾಡಿದಾಗ ಅಪ್ಪ ಮೊದಲು ಮೊಮ್ಮಕ್ಕಳ ವಿಚಾರ ಕೇಳುತ್ತಾರೆ, ಆಮೇಲೆ "ಎಷ್ಟು ಉಳಿದಿದೆ?" ಅಂತಾರೆ. ಇವತ್ತು ಬೆಳಿಗ್ಗೆ ಮೂರೂವರೆ ಇತ್ತು.